ಒಂದು ಫೈಲ್ ಕಾಣೆಯಾಯಿತು, 48 ಸಾವಿರ ಹೋಯಿತು

‘ಎಂತದೋ ಒಂದು ಫೈಲ್ ಇಲ್ಲ ಅಂತ ಬಂತು ಮಾರ್ರೆ. ಅದು ಎಂತ ಫೈಲ್ ಅಂತ ನನಗೆ ಇವತ್ತಿಗೂ ಗೊತ್ತಿಲ್ಲ. ಅದರ ಹಿಂದೆ ಹೋಗಿ 48 ಸಾವಿರ ಕಳಕೊಂಡೆ.’

ಮಂಗಳೂರು ಬಂದರಿನಲ್ಲಿ ಜೀನಸಿನ ಹೋಲ್‌ಸೇಲ್ ಅಂಗಡಿ ಇಟ್ಟುಕೊಂಡಿರುವ ಹಾಜಾಕ ಇದನ್ನು ಹೇಳುವಾಗ ಸುಲೈಮಾನಿ ತಣ್ಣಗಾಗಿತ್ತು. ಹೆಸರು ಹಾಕುವುದು ಬೇಡ ಅಂದಿದ್ದಾರೆ. ‘ಜುಮಾಕ್ಕೆ ಹೋದರೆ ಎಲ್ಲರೂ ಕೇಳುತ್ತಾರೆ, ಮತ್ತೆ ಅದೇ ಕಥೆ ಹೇಳಬೇಕು’ ಅಂತ. ಆದರೆ ವಿಷಯ ಬರೆಯಿರಿ ಅಂದರು. ಯಾಕೆಂದರೆ ಅವರ ಅಂಗಡಿಯಲ್ಲಿ ಆದದ್ದು ನಾಳೆ ಉಳ್ಳಾಲದಲ್ಲಿ, ಕೃಷ್ಣಾಪುರದಲ್ಲಿ, ಬಿ.ಸಿ.ರೋಡಿನಲ್ಲಿ ಯಾರ ಅಂಗಡಿಯಲ್ಲೂ ಆಗಬಹುದು.

ನಮ್ಮವರ ಅಂಗಡಿಗಳಲ್ಲಿ ಈಗ ಒಂದು ಹೊಸ ಕ್ರಮ ಉಂಟು. ಕಂಪ್ಯೂಟರ್ ಊರಿನಲ್ಲಿ, ಅದನ್ನು ಸರಿ ಮಾಡುವವನು ಗಲ್ಫಿನಲ್ಲಿ. ಜಿಎಸ್‌ಟಿ ಬಂದ ಮೇಲೆ ಬಿಲ್ ಎಲ್ಲ ಟ್ಯಾಲಿಯಲ್ಲೇ ಆಗಬೇಕು. ಉಪ್ಪನಿಗೆ ಟ್ಯಾಲಿ ಗೊತ್ತಿಲ್ಲ, ಅಂಗಡಿಯ ಹುಡುಗನಿಗೆ ಅರ್ಧ ಗೊತ್ತು, ಪೂರ್ತಿ ಗೊತ್ತಿರುವ ಮಗ ದಮ್ಮಾಮಿನಲ್ಲೋ ಶಾರ್ಜಾದಲ್ಲೋ ಇರುತ್ತಾನೆ. ಅವನು ಡ್ಯೂಟಿ ಮುಗಿಸಿ ರೂಮಿಗೆ ಬಂದು, ಲ್ಯಾಪ್‌ಟಾಪ್ ತೆರೆದು, ದೂರದಿಂದಲೇ ಬಂದರಿನ ಕಂಪ್ಯೂಟರ್‌ನ ಒಳಗೆ ಬರುತ್ತಾನೆ. ಇಲ್ಲಿ ಮೌಸ್ ತಾನಾಗಿ ಓಡುತ್ತದೆ, ಲೆಕ್ಕ ಸರಿಯಾಗುತ್ತದೆ. ಮೊದಲ ಸಲ ನೋಡಿದಾಗ ಹಾಜಾಕ ‘ಬಿಸ್ಮಿಲ್ಲಾ’ ಅಂದಿದ್ದರಂತೆ. ಇದಕ್ಕೆ ಬಳಸುವ ಟೀಮ್‌ವ್ಯೂವರ್, ಎನಿಡೆಸ್ಕ್‌ನಂಥ ಸಾಫ್ಟ್‌ವೇರ್‌ಗಳು ನಮ್ಮಲ್ಲಿ ಎಷ್ಟು ಮನೆಮಾತಾಗಿವೆ ಅಂದರೆ, ‘ಒಂಚೂರು ಎನಿ ಹಾಕು ಮೋನೇ’ ಅನ್ನುವ ಉಮ್ಮಂದಿರನ್ನೂ ನಾನು ಕಂಡಿದ್ದೇನೆ.

ಆ ದಿನ ಳುಹರ್ ಕಳೆದು ಮಗ ಒಳಗೆ ಬರಲು ನೋಡಿದ. ಆಗಲಿಲ್ಲ. ಇಲ್ಲಿ ಸಾಫ್ಟ್‌ವೇರ್ ಒತ್ತಿದರೆ ಅದು ತೆರೆಯುವ ಬದಲು ಒಂದು ಸಣ್ಣ ಪೆಟ್ಟಿಗೆ ಬಂತು: ‘ವಿಸಿರನ್‌ಟೈಮ್140 ಡಾಟ್ ಡಿಎಲ್‌ಎಲ್ ಸಿಗಲಿಲ್ಲ, ಆದ್ದರಿಂದ ಪ್ರೋಗ್ರಾಂ ನಡೆಯುವುದಿಲ್ಲ’ ಎಂಬ ಅರ್ಥದ ಇಂಗ್ಲಿಷ್ ಸಾಲು. ಮಗನಿಗೆ ಕೆಲಸದ ಸಮಯ. ‘ರಾತ್ರಿ ನೋಡುವ ಉಪ್ಪ’ ಅಂದ. ರಾತ್ರಿಯವರೆಗೆ ಕಾಯುವ ತಾಳ್ಮೆ ಅಂಗಡಿಯ ಹುಡುಗನಿಗೆ ಇರಲಿಲ್ಲ. ಆ ಸಾಲನ್ನೇ ಇಂಟರ್‌ನೆಟ್‌ನಲ್ಲಿ ಹಾಕಿ ಹುಡುಕಿದ.

ಪಳ್ಳಿಯ ಪಾತ್ರೆಯ ಲೆಕ್ಕ

ಡಿಎಲ್‌ಎಲ್ ಅಂದರೆ ಡೈನಮಿಕ್ ಲಿಂಕ್ ಲೈಬ್ರರಿ. ಲೈಬ್ರರಿ ಎಂಬ ಮಾತು ಕೇಳಿ ಕಿತಾಬುಗಳ ಕಪಾಟು ನೆನಪಾದರೆ ಪೂರ್ತಿ ತಪ್ಪಲ್ಲ. ಆದರೆ ನಮ್ಮ ಕಡೆಯವರಿಗೆ ಇನ್ನೂ ಸುಲಭವಾಗಿ ಹೇಳಬಹುದು. ಹಳ್ಳಿಯ ಜಮಾಅತ್‌ಗಳಲ್ಲಿ ಪಳ್ಳಿಯ ಲೆಕ್ಕದಲ್ಲಿ ದೊಡ್ಡ ಬಿರಿಯಾನಿ ಪಾತ್ರೆ, ಸೌಟು, ತಟ್ಟೆಗಳು ಇರುತ್ತವಲ್ಲ, ಹಾಗೆ. ಪ್ರತಿ ಮನೆಯವರೂ 200 ಜನಕ್ಕೆ ಅಡುಗೆ ಮಾಡುವ ಪಾತ್ರೆ ತೆಗೆದಿಟ್ಟುಕೊಳ್ಳುವುದಿಲ್ಲ. ಮದುವೆ ಬಂದಾಗ ಪಳ್ಳಿಯಿಂದ ತರುತ್ತಾರೆ, ತೊಳೆದು ಹಿಂದೆ ಕೊಡುತ್ತಾರೆ. ವಿಂಡೋಸ್ ಕೂಡ 1985ರಲ್ಲಿ ಮೊದಲು ಬಂದಾಗಿನಿಂದ ಇದೇ ಕ್ರಮದಲ್ಲಿ ನಡೆಯುತ್ತಿದೆ. ಪರದೆಯ ಮೇಲೆ ಗೆರೆ ಎಳೆಯುವುದು, ಮೌಸ್‌ನ ಕ್ಲಿಕ್ ಹಿಡಿಯುವುದು, ಇಂಟರ್‌ನೆಟ್‌ಗೆ ದಾರಿ ತೆರೆಯುವುದು ಇಂಥ ಎಲ್ಲರಿಗೂ ಬೇಕಾದ ಕೆಲಸಗಳನ್ನು ಸಾಮಾನ್ಯ ಫೈಲ್‌ಗಳಲ್ಲಿ ಬರೆದಿಟ್ಟಿದ್ದಾರೆ. ಯಾವ ಪ್ರೋಗ್ರಾಂಗೆ ಬೇಕೋ ಅದು ಓಡುವ ಹೊತ್ತಿಗೆ ಬಂದು ಕೇಳಿ ಪಡೆಯುತ್ತದೆ.

ದೂರದಿಂದ ಸಹಾಯ ಮಾಡುವ ಸಾಫ್ಟ್‌ವೇರ್‌ನದ್ದೂ ಅಷ್ಟೇ. ಅದು ಮಾಡುವ ಕೆಲಸ ನಿಜವಾಗಿ ಮೂರು: ನಿಮ್ಮ ಪರದೆಯ ಫೋಟೋ ತೆಗೆಯುತ್ತಾ ಇರುವುದು, ಅದನ್ನು ಆಚೆಯವನಿಗೆ ಕಳಿಸುವುದು, ಆಚೆಯವನ ಮೌಸ್ ಮತ್ತು ಕೀಬೋರ್ಡಿನ ಚಲನೆಯನ್ನು ಇಲ್ಲಿ ತಂದು ಒತ್ತುವುದು. ಪರದೆಯ ಪ್ರತಿ ತೆಗೆಯುವ ಹಳೆಯ ದಾರಿ ಜಿಡಿಐ32 ಎಂಬ ಡಿಎಲ್‌ಎಲ್‌ನಲ್ಲಿ ಉಂಟು. 2012ರಲ್ಲಿ ಬಂದ ವಿಂಡೋಸ್ 8ರಿಂದ ಡಿಎಕ್ಸ್‌ಜಿಐ ಎಂಬುದರ ಮೂಲಕ ಇದಕ್ಕಿಂತ ಬೇಗದ ದಾರಿ ಸಿಕ್ಕಿತು, ಅದರಲ್ಲಿ ಬದಲಾದ ತುಂಡುಗಳನ್ನು ಮಾತ್ರ ಕಳಿಸಿದರೆ ಸಾಕಾಗುತ್ತದೆ. ಊರಿನ ನಿಧಾನ ಇಂಟರ್‌ನೆಟ್‌ನಲ್ಲೂ ಗಲ್ಫಿನ ಮಗನಿಗೆ ಟ್ಯಾಲಿ ಕಾಣುವುದರಲ್ಲಿ ಇಂಥ ಜಾಣತನದ ಪಾಲು ದೊಡ್ಡದು. ಮೌಸ್, ಕೀಬೋರ್ಡಿನ ಒತ್ತುವಿಕೆ ಯೂಸರ್32 ಎಂಬುದರ ಕೆಲಸ. ನೆಟ್‌ವರ್ಕಿನ ಬಾಗಿಲು ಡಬ್ಲ್ಯೂಎಸ್2_32. ಇವೆಲ್ಲ ವಿಂಡೋಸ್‌ನದ್ದೇ, ನಿಮ್ಮ ಕಂಪ್ಯೂಟರ್‌ನಲ್ಲಿ ಈಗಲೇ ಇವೆ, ಯಾರೂ ತಂದು ಹಾಕಬೇಕಾಗಿಲ್ಲ.

ಇವುಗಳ ಜೊತೆಗೆ ಆ ಸಾಫ್ಟ್‌ವೇರ್ ತನ್ನ ಸ್ವಂತ ಫೈಲ್‌ಗಳನ್ನೂ ತರಬಹುದು. 2005ರಲ್ಲಿ ಜರ್ಮನಿಯ ಗೋಪಿಂಗನ್‌ನಲ್ಲಿ ಶುರುವಾದ ಟೀಮ್‌ವ್ಯೂವರ್ ತನ್ನ ಫೋಲ್ಡರ್‌ನಲ್ಲಿ ‘ಟಿವಿ_’ ಎಂದು ಶುರುವಾಗುವ ಡಿಎಲ್‌ಎಲ್‌ಗಳನ್ನೂ, ಪ್ರತಿ ಭಾಷೆಗೆ ಒಂದೊಂದರಂತೆ ‘ರಿಸೋರ್ಸ್’ ಎಂಬ ಹೆಸರಿನವುಗಳನ್ನೂ ಇಟ್ಟುಕೊಳ್ಳುತ್ತದೆ. ಟಿವಿ ಎಂದರೆ ಟೆಲಿವಿಷನ್ ಅಂತ ತಿಳಿದು ಅಳಿಸಿದವರೂ ಇದ್ದಾರೆ! ಎನಿಡೆಸ್ಕ್ ಬೇರೆ ಜಾತಿ. ಒಂದೇ ಸಣ್ಣ ಫೈಲ್, ಪೆನ್‌ಡ್ರೈವ್‌ನಿಂದಲೂ ಓಡುತ್ತದೆ. ವಿಂಡೋಸ್‌ನದ್ದೇ ಆದ ರಿಮೋಟ್ ಡೆಸ್ಕ್‌ಟಾಪ್‌ಗೆ ಎಂಎಸ್‌ಟಿಎಸ್‌ಸಿಎಎಕ್ಸ್ ಎಂಬ ಡಿಎಲ್‌ಎಲ್ ಹೋಗುವವನ ಕಡೆ, ಟರ್ಮ್‌ಎಸ್‌ಆರ್‌ವಿ ಎಂಬುದು ಬರಮಾಡಿಕೊಳ್ಳುವವನ ಕಡೆ ಕೆಲಸ ಮಾಡುತ್ತವೆ.

ಈ ಟರ್ಮ್‌ಎಸ್‌ಆರ್‌ವಿಯ ವಿಷಯ ಬಂದಾಗ ಒಂದು ಮಾತು ಹೇಳದೆ ಮುಂದೆ ಹೋಗಲು ಮನಸ್ಸಿಲ್ಲ. ಹೋಮ್ ವಿಂಡೋಸ್‌ಗೆ ಹೊರಗಿನಿಂದ ರಿಮೋಟ್ ಡೆಸ್ಕ್‌ಟಾಪ್ ಮೂಲಕ ಬರಲು ಆಗುವುದಿಲ್ಲ. ಪ್ರೊದಲ್ಲಿ ಒಂದು ಸಲಕ್ಕೆ ಒಬ್ಬನೇ. ಇಬ್ಬರು ಮೂವರು ಒಟ್ಟಿಗೆ ಟ್ಯಾಲಿ ನೋಡಬೇಕು ಅಂತ ಕೆಲವು ಅಂಗಡಿಗಳಲ್ಲಿ ಕಂಪ್ಯೂಟರಿನವನ ಹತ್ತಿರ ಈ ಫೈಲನ್ನೇ ತಿದ್ದಿಸುತ್ತಾರೆ. ಲೈಸೆನ್ಸ್‌ಗೆ ವಿರುದ್ಧ ಅನ್ನುವುದು ಒಂದು. ಅಪ್‌ಡೇಟ್ ಬಂದ ಮರುದಿನ ವಿಂಡೋಸ್ ತನ್ನ ಸರಿಯಾದ ಫೈಲನ್ನು ತಂದಿಡುತ್ತದೆ, ನಿಮ್ಮ ರಿಮೋಟ್ ನಿಲ್ಲುತ್ತದೆ ಅನ್ನುವುದು ಇನ್ನೊಂದು. ಆಗ ‘ಅಪ್‌ಡೇಟ್ ಬಂದ್ ಮಾಡಿ’ ಅನ್ನುತ್ತಾನೆ ಆ ಮಹಾರಾಯ. ಕಳ್ಳ ಬರುವ ಕಿಟಕಿಯ ಕೊಂಡಿ ತೆಗೆದಿಟ್ಟಂತೆ ಅದು.

ಹಾಗಾದರೆ ಹಾಜಾಕನ ಅಂಗಡಿಯಲ್ಲಿ ಕಾಣೆಯಾದದ್ದು ಯಾವುದು? ವಿಸಿರನ್‌ಟೈಮ್140 ಮೈಕ್ರೋಸಾಫ್ಟಿನ ‘ವಿಷುವಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟೆಬಲ್’ ಎಂಬ ಕಟ್ಟಿನೊಳಗಿನ ಒಂದು ಫೈಲ್. ಸಿ ಪ್ಲಸ್ ಪ್ಲಸ್ ಭಾಷೆಯಲ್ಲಿ ಬರೆದ ಎಷ್ಟೋ ಪ್ರೋಗ್ರಾಂಗಳಿಗೆ ಅದು ಬೇಕು. ಹಿಂದಿನ ವಾರ ‘ಕಂಪ್ಯೂಟರ್ ಸ್ಲೋ ಉಂಟು’ ಅಂತ ಅಂಗಡಿಯ ಹುಡುಗ ಕಂಟ್ರೋಲ್ ಪ್ಯಾನೆಲ್‌ಗೆ ಹೋಗಿ, ಒಂದೇ ಹೆಸರಿನ ನಾಲ್ಕೈದು ಸಾಲು ಕಂಡು, ‘ಇದೆಲ್ಲ ಡಬ್ಬಲ್ ಆಗಿದೆ’ ಅಂತ ಅಳಿಸಿದ್ದ. ಅವು ಡಬ್ಬಲ್ ಅಲ್ಲ. ಬೇರೆ ಬೇರೆ ವರ್ಷದ ಪ್ರೋಗ್ರಾಂಗಳಿಗೆ ಬೇರೆ ಬೇರೆ ಕಟ್ಟು ಬೇಕು. ಪಳ್ಳಿಯ ಪಾತ್ರೆಗಳಲ್ಲಿ ‘ಮುಚ್ಚಳ ನಾಲ್ಕು ಯಾಕೆ’ ಅಂತ ಮೂರನ್ನು ಗುಜರಿಗೆ ಹಾಕಿದ ಹಾಗೆ ಆಯಿತು.

ಮೈಕ್ರೋಸಾಫ್ಟಿನ ಸೈಟ್‌ನಿಂದ ಆ ಕಟ್ಟನ್ನು ಪುಕ್ಕಟೆ ಇಳಿಸಿ ಮತ್ತೆ ಹಾಕಿದ್ದರೆ ಐದು ನಿಮಿಷದ ಕೆಲಸ.

‘ಅಂಕಲ್, ನಿಮ್ಮ ಲೈಸೆನ್ಸ್ ನಂಬರ್ ನೋಡಿ’

ಹುಡುಗ ಹುಡುಕಿದಾಗ ಮೊದಲು ಸಿಕ್ಕಿದ್ದು ಬೇರೆ ಎರಡು. ಒಂದು, ಕಾಣೆಯಾದ ಒಂದೇ ಒಂದು ಡಿಎಲ್‌ಎಲ್ ಅನ್ನು ಇಳಿಸಿಕೊಳ್ಳಿ ಎನ್ನುವ ಸೈಟ್. ಇನ್ನೊಂದು, ‘ವಿಂಡೋಸ್ ಸಪೋರ್ಟ್’ ಎಂಬ ಹೆಸರಿನಡಿ ಒಂದು ಫೋನ್ ನಂಬರ್. ಹುಡುಗ ಮೊದಲನೆಯದನ್ನು ಮಾಡಿ ನೋಡಿದ, ಸರಿಯಾಗಲಿಲ್ಲ. ಸರಿಯಾಗುವುದೂ ಕಷ್ಟ. ಅವನು ಇಳಿಸಿದ ಫೈಲನ್ನು ಸಿಸ್ಟಂ32 ಫೋಲ್ಡರ್‌ಗೆ ಹಾಕಿದ್ದ. ವಿಂಡೋಸ್‌ನ ವಿಚಿತ್ರ ನೋಡಿ, ಇವತ್ತಿನ 64 ಬಿಟ್ ಕಂಪ್ಯೂಟರ್‌ನಲ್ಲಿ ಸಿಸ್ಟಂ32 ಎಂಬ ಫೋಲ್ಡರ್‌ನಲ್ಲಿ ಇರುವುದು 64 ಬಿಟ್‌ನ ಫೈಲ್‌ಗಳು. 32 ಬಿಟ್‌ನವು ಇರುವುದು ಸಿಸ್‌ವಾವ್64 ಎಂಬುದರಲ್ಲಿ. ಹೆಸರು ಒಂದು, ಒಳಗಿರುವುದು ಇನ್ನೊಂದು. ಅಂಗಡಿಯ ಬೋರ್ಡು ಹಳೆಯದು, ಮಾಲು ಹೊಸತು.

ಅದಕ್ಕಿಂತ ದೊಡ್ಡ ಅಪಾಯ ಬೇರೆ ಉಂಟು. ಡಿಎಲ್‌ಎಲ್ ಅನ್ನುವುದು ಓದಿ ಬದಿಗಿಡುವ ಕಾಗದ ಅಲ್ಲ, ಅದರೊಳಗೆ ಓಡುವ ಕೋಡ್ ಇರುತ್ತದೆ. ಯಾರೋ ಕೊಟ್ಟ ಡಿಎಲ್‌ಎಲ್ ಅನ್ನು ಒಂದು ಪ್ರೋಗ್ರಾಂ ಕರೆದ ಕ್ಷಣ ಆ ಕೋಡ್ ಆ ಪ್ರೋಗ್ರಾಂನ ಅಧಿಕಾರದಲ್ಲೇ ಓಡುತ್ತದೆ. ‘ಇಳಿಸಿದ ಮೇಲೆ ರೆಜಿಸ್ಟರ್ ಮಾಡಿ’ ಅಂತ ಇಂಥ ಸೈಟ್‌ಗಳು ಹೇಳುತ್ತವಲ್ಲ, ರೆಜಿಸ್ಟರ್ ಮಾಡುವುದೂ ಅದನ್ನು ಓಡಿಸುವುದೇ. ಮೈಕ್ರೋಸಾಫ್ಟ್ ಬಿಡಿ ಡಿಎಲ್‌ಎಲ್‌ಗಳನ್ನು ಹೀಗೆ ಹಂಚುವುದಿಲ್ಲ, ಇಡೀ ಕಟ್ಟನ್ನೇ ಕೊಡುತ್ತದೆ.

ಆಮೇಲೆ ಹಾಜಾಕ ಆ ನಂಬರಿಗೆ ಫೋನ್ ಮಾಡಿದರು. ಹಿಂದಿಯಲ್ಲಿ, ಬಹಳ ಮರ್ಯಾದೆಯಿಂದ ಮಾತಾಡಿದನಂತೆ. ‘ಅಂಕಲ್’ ಅಂತಲೇ ಕರೆದ. ಮಗನ ಸಾಫ್ಟ್‌ವೇರ್ ಓಡುತ್ತಿಲ್ಲ ಅಂದದ್ದಕ್ಕೆ ಇನ್ನೊಂದು ರಿಮೋಟ್ ಸಾಫ್ಟ್‌ವೇರ್ ಹಾಕಲು ಹೇಳಿದ, ಅದು ಓಡಿತು. ಪರದೆಯಲ್ಲಿ ಬಂದ ಅಂಕೆ ಕೇಳಿದ. ಹುಡುಗ ‘ಅಕ್ಸೆಪ್ಟ್’ ಒತ್ತಿದ.

ಒಳಗೆ ಬಂದವನು ಮೊದಲು ಈವೆಂಟ್ ವ್ಯೂವರ್ ತೆರೆದು ಕೆಂಪು, ಹಳದಿ ಗುರುತುಗಳ ಉದ್ದದ ಪಟ್ಟಿ ತೋರಿಸಿದ. ‘ಎಲ್ಲ ವೈರಸ್, ಅಂಕಲ್.’ ನಿಮ್ಮ ಮನೆಯ ಒಳ್ಳೆಯ ಕಂಪ್ಯೂಟರ್‌ನಲ್ಲೂ ತೆರೆದು ನೋಡಿ, ಅಂಥ ಗುರುತುಗಳು ಬೇಕಾದಷ್ಟು ಇರುತ್ತವೆ. ಯಾವುದೋ ಒಂದು ಕೆಲಸ ಒಂದು ಸಲ ತಡವಾದರೂ ವಿಂಡೋಸ್ ಅಲ್ಲಿ ಬರೆದಿಡುತ್ತದೆ. ಎರಡನೆಯದು ಇನ್ನೂ ಚಂದ. ಕಪ್ಪು ಕಿಟಕಿಯೊಂದನ್ನು ತೆರೆದು ‘ಅಸೋಕ್’ ಎಂಬ ಆಜ್ಞೆ ಹೊಡೆದ. ಪಟ್ಟಿಯ ಕೊನೆಗೆ 888ಡಿಸಿಎ60 ಎಂದು ಶುರುವಾಗುವ ಉದ್ದದ ಸಂಖ್ಯೆ ಬಂತು. ‘ಇದು ನಿಮ್ಮ ಕಂಪ್ಯೂಟರ್‌ನ ಲೈಸೆನ್ಸ್ ನಂಬರ್. ನಮ್ಮ ಹತ್ತಿರವೂ ಇದೇ ಉಂಟು, ನೀವೇ ಓದಿ.’ ಹಾಜಾಕ ಓದಿದರು. ಒಂದಕ್ಷರ ತಪ್ಪದೆ ತಾಳೆಯಾಯಿತು! ‘ಅಲ್ಲಿಗೆ ನನಗೆ ನಂಬಿಕೆ ಬಂತು’ ಅಂದರು ಅವರು. ಆ ಸಂಖ್ಯೆ ಜಗತ್ತಿನ ಎಲ್ಲ ವಿಂಡೋಸ್ ಕಂಪ್ಯೂಟರ್‌ಗಳಲ್ಲಿ ಒಂದೇ. ಫೈಲ್‌ಗಳನ್ನು ಜಿಪ್ ಮಾಡುವ ಜಿಪ್‌ಫೋಲ್ಡರ್ ಎಂಬ ಡಿಎಲ್‌ಎಲ್‌ಗೆ ಸಂಬಂಧಪಟ್ಟ ಗುರುತು ಅದು. ಲೈಸೆನ್ಸ್‌ಗೂ ಅದಕ್ಕೂ ಏನೂ ಇಲ್ಲ. ವರ್ಷಗಳಿಂದ ಅಮೆರಿಕ, ಇಂಗ್ಲೆಂಡಿನ ಮುದುಕರಿಗೆ ಇದೇ ಸಂಖ್ಯೆ ಓದಿಸಿ ಮೋಸ ಮಾಡಿದ್ದಾರೆ. ಈಗ ಬಂದರಿಗೂ ಬಂತು.

ಆಮೇಲಿನದ್ದು ನಿಮಗೆ ಅಂದಾಜು ಆಗಿರಬಹುದು. ಸರ್ವಿಸ್ ಚಾರ್ಜ್ ಬರೀ 10 ರೂಪಾಯಿ, ನೆಟ್ ಬ್ಯಾಂಕಿಂಗ್‌ನಲ್ಲಿ ಕಟ್ಟಿ ಅಂದ. ಹಾಜಾಕ ಲಾಗಿನ್ ಆದರು. ಒಮ್ಮೆಲೇ ಪರದೆ ಕಪ್ಪಾಯಿತು. ‘ಸ್ಕ್ಯಾನ್ ಆಗುತ್ತಾ ಉಂಟು, ಮುಟ್ಟಬೇಡಿ’ ಅಂದ. ಈ ಕಪ್ಪು ಪರದೆ ರಿಮೋಟ್ ಸಾಫ್ಟ್‌ವೇರ್‌ಗಳಲ್ಲಿ ಒಳ್ಳೆಯ ಉದ್ದೇಶಕ್ಕೆ ಇಟ್ಟ ಸೌಕರ್ಯ: ಆಫೀಸಿನ ಕಂಪ್ಯೂಟರ್‌ನಲ್ಲಿ ಮನೆಯಿಂದ ಕೆಲಸ ಮಾಡುವಾಗ ಅಲ್ಲಿ ಹೋಗಿ ಬರುವವರು ನೋಡಬಾರದು ಅಂತ. ಇಲ್ಲಿ ಅದರ ಮರೆಯಲ್ಲಿ ಅವನು ಕೆಲಸ ಮಾಡಿದ. ಒಟಿಪಿ ಹಾಜಾಕ ಹೇಳಲಿಲ್ಲ. ಹೇಳುವ ಅಗತ್ಯವೇ ಬೀಳಲಿಲ್ಲ. ಬ್ಯಾಂಕ್ ಅದನ್ನು ಮೊಬೈಲಿಗೂ ಇಮೇಲಿಗೂ ಕಳಿಸುತ್ತಿತ್ತು, ಇಮೇಲ್ ಅದೇ ಕಂಪ್ಯೂಟರ್‌ನಲ್ಲಿ ತೆರೆದೇ ಇತ್ತು.

48 ಸಾವಿರದ ಮೆಸೇಜ್ ಬಂದಾಗ ಹಾಜಾಕನ ಕೈಕಾಲು ಬಿದ್ದುಹೋಯಿತು. ಆ ಖಾತೆಯಲ್ಲಿ ಇನ್ನೂ ಎರಡು ಲಕ್ಷದ ಹತ್ತಿರ ಇತ್ತು, ಅವರೂ ಮನೆಯವರೂ ಉಮ್ರಾಕ್ಕೆ ಹೋಗಲು ಜಮೆ ಮಾಡಿದ್ದು. ಫೋನಿನವನು ‘ಅಂಕಲ್, ಅದು ಟೆಸ್ಟಿಂಗ್, ಹಿಂದೆ ಬರುತ್ತದೆ’ ಅನ್ನುತ್ತಲೇ ಇದ್ದ. ಮಗ್ರಿಬ್‌ಗೆ ಹೊರಟಿದ್ದ ಪಕ್ಕದ ಅಂಗಡಿಯವರು ಇವರ ಮುಖ ನೋಡಿ ಒಳಗೆ ಬಂದರು, ಎಂತ ಅಂತ ಕೇಳಿದರು, ಉತ್ತರಕ್ಕೆ ಕಾಯದೆ ವೈಫೈಯ ಪ್ಲಗ್ ಎಳೆದರು. ಉಳಿದ ಹಣ ಉಳಿಯಿತು. ‘ಅವರಿಗೆ ಕಂಪ್ಯೂಟರ್ ಬರುವುದಿಲ್ಲ ಮಾರ್ರೆ, ಪ್ಲಗ್ ಎಳೆಯಲು ಮಾತ್ರ ಗೊತ್ತು’ ಅಂತ ಹಾಜಾಕ ಈಗ ನಗುತ್ತಾರೆ. ಆ ಹೊತ್ತಿಗೆ ಬೇಕಾದದ್ದು ಅಷ್ಟೇ ಆಗಿತ್ತು.

ಫೈಲ್ ಒಳ್ಳೆಯದು, ಮನುಷ್ಯ?

ಆಂಟಿವೈರಸ್ ಇತ್ತಲ್ಲ, ಅದು ಯಾಕೆ ಹಿಡಿಯಲಿಲ್ಲ ಅಂತ ಹಾಜಾಕನ ಮಗ ಫೋನಿನಲ್ಲಿ ನನ್ನನ್ನು ಕೇಳಿದ. ಹಿಡಿಯಲು ಅಲ್ಲಿ ವೈರಸ್ ಇರಲಿಲ್ಲ. ರಿಮೋಟ್ ಸಾಫ್ಟ್‌ವೇರ್ ಅಸಲಿ, ಅದರ ಫೈಲ್‌ಗಳಿಗೆ ಕಂಪೆನಿಯ ಡಿಜಿಟಲ್ ಸಹಿ ಇತ್ತು, ಅದು ಕರೆದ ಡಿಎಲ್‌ಎಲ್‌ಗಳು ಮೈಕ್ರೋಸಾಫ್ಟಿನವು. ಬೀಗವೂ ಅಸಲಿ, ಬೀಗದ ಕೈಯೂ ಅಸಲಿ. ಕೊಟ್ಟದ್ದು ಮಾತ್ರ ಕಳ್ಳನಿಗೆ.

ರಿಸರ್ವ್ ಬ್ಯಾಂಕ್ 2019ರ ಫೆಬ್ರವರಿಯಲ್ಲೇ ಇಂಥ ಆ್ಯಪ್ ಹಾಕಿಸಿ ಯುಪಿಐಯಿಂದ ಹಣ ತೆಗೆಯುವ ಮೋಸದ ಬಗ್ಗೆ ಬ್ಯಾಂಕುಗಳನ್ನು ಎಚ್ಚರಿಸಿತ್ತು, ಎನಿಡೆಸ್ಕ್‌ನ ಹೆಸರು ಆಗ ಎಲ್ಲ ಕಡೆ ಓಡಾಡಿತು. ವಿಂಡೋಸ್‌ನಲ್ಲೇ ಇರುವ ಕ್ವಿಕ್ ಅಸಿಸ್ಟ್ ಅನ್ನೂ ಕಳ್ಳರು ಬಿಡಲಿಲ್ಲ. 2024ರ ಏಪ್ರಿಲ್‌ನಿಂದ ಒಂದು ಗುಂಪು ಅದನ್ನು ಬಳಸಿ ಕಂಪೆನಿಗಳ ಒಳಗೆ ನುಗ್ಗುತ್ತಿದೆ ಅಂತ ಮೈಕ್ರೋಸಾಫ್ಟೇ ಮರುತಿಂಗಳು ಪ್ರಕಟಿಸಿತು.

ಫೈಲೇ ನಕಲಿಯಾದ ಪ್ರಕರಣಗಳೂ ಇವೆ. 2013ರಲ್ಲಿ ಹಂಗೇರಿಯ ಬುಡಾಪೆಸ್ಟ್‌ನ ಕ್ರಿಸಿಸ್ ಲ್ಯಾಬ್ ‘ಟೀಮ್‌ಸ್ಪೈ’ ಎಂಬ ಗೂಢಚಾರಿಕೆಯನ್ನು ಬಯಲು ಮಾಡಿತು. ಅವರು ಮಾಡಿದ್ದು ಇಷ್ಟು: ಅಸಲಿ ಟೀಮ್‌ವ್ಯೂವರ್ ಇಟ್ಟು, ಅದರ ಫೋಲ್ಡರ್‌ನಲ್ಲೇ ವಿಂಡೋಸ್‌ನ ಎವಿಐಕ್ಯಾಪ್32 ಎಂಬ ಡಿಎಲ್‌ಎಲ್‌ನ ಹೆಸರಿನಲ್ಲಿ ತಮ್ಮದೊಂದು ಫೈಲ್ ಇಟ್ಟರು. ಹೆಚ್ಚಿನ ಡಿಎಲ್‌ಎಲ್‌ಗಳನ್ನು ವಿಂಡೋಸ್ ಮೊದಲು ಹುಡುಕುವುದು ಪ್ರೋಗ್ರಾಂ ಇರುವ ಫೋಲ್ಡರ್‌ನಲ್ಲಿ, ಆಮೇಲೆ ತನ್ನ ಸಿಸ್ಟಂ ಫೋಲ್ಡರ್‌ನಲ್ಲಿ. ಪಕ್ಕದಲ್ಲೇ ಆ ಹೆಸರಿನವನು ನಿಂತಿದ್ದರೆ ಪಳ್ಳಿಯವರೆಗೆ ಹೋಗಿ ಕೇಳುವುದಿಲ್ಲ. ಹೀಗೆ ಒಳಗೆ ಬಂದ ನಕಲಿ ಫೈಲ್, ಟೀಮ್‌ವ್ಯೂವರ್‌ನ ಕಿಟಕಿಯನ್ನೇ ಬಳಕೆದಾರನಿಗೆ ಕಾಣದ ಹಾಗೆ ಮಾಡಿತು. ಅದಕ್ಕೇ ನಾನು ಹೇಳುವುದು, ವಾಟ್ಸ್‌ಆ್ಯಪ್ ಗ್ರೂಪಿನಲ್ಲಿ ಬಂದ, ಯಾರದೋ ಪೆನ್‌ಡ್ರೈವ್‌ನಿಂದ ಸಿಕ್ಕಿದ ರಿಮೋಟ್ ಸಾಫ್ಟ್‌ವೇರ್ ಹಾಕಬೇಡಿ ಅಂತ. ಕಂಪೆನಿಯ ಸೈಟ್‌ನಿಂದಲೇ ಇಳಿಸಿ. ಸಂಶಯ ಬಂದರೆ ಫೈಲ್‌ನ ಮೇಲೆ ಬಲ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ಗೆ ಹೋಗಿ, ಡಿಜಿಟಲ್ ಸಿಗ್ನೇಚರ್ಸ್ ಎಂಬಲ್ಲಿ ಯಾರ ಸಹಿ ಉಂಟು ಅಂತ ನೋಡಿ. ಹಳೆಯದನ್ನೂ ಇಟ್ಟುಕೊಳ್ಳಬೇಡಿ. 2024ರ ಫೆಬ್ರವರಿಯಲ್ಲಿ ತನ್ನ ಸರ್ವರ್‌ಗಳಿಗೆ ಯಾರೋ ನುಗ್ಗಿದ್ದಾರೆ ಅಂತ ಎನಿಡೆಸ್ಕ್ ತಾನೇ ಹೇಳಿಕೊಂಡು, ಹಳೆಯ ಸಹಿ ಬಿಟ್ಟು ಹೊಸ ಸಹಿಯ ಆವೃತ್ತಿ ಕೊಟ್ಟಿತ್ತು.

ವಿಂಡೋಸ್‌ನ ಸ್ವಂತ ಡಿಎಲ್‌ಎಲ್ ಕೆಟ್ಟಿದೆ ಅಂತ ಬಂದರೂ ಮದ್ದು ಕಂಪ್ಯೂಟರ್‌ನ ಒಳಗೇ ಉಂಟು. ಸ್ಟಾರ್ಟ್‌ನಲ್ಲಿ ಕಮಾಂಡ್ ಪ್ರಾಂಪ್ಟ್ ಹುಡುಕಿ, ಬಲ ಕ್ಲಿಕ್ ಮಾಡಿ ಅಡ್ಮಿನಿಸ್ಟ್ರೇಟರ್ ಆಗಿ ತೆರೆಯಿರಿ. ಎಸ್, ಎಫ್, ಸಿ ಅಂತ ಮೂರಕ್ಷರ, ಒಂದು ಸ್ಪೇಸ್, ಓರೆ ಗೆರೆ, ಅದಕ್ಕೆ ಅಂಟಿಕೊಂಡು ‘ಸ್ಕ್ಯಾನ್‌ನೌ’. ಅಷ್ಟು ಟೈಪ್ ಮಾಡಿ ಎಂಟರ್ ಒತ್ತಿ ಚಹಾ ಕುಡಿದು ಬನ್ನಿ. ಕೆಟ್ಟ ಫೈಲ್‌ಗಳನ್ನು ಅದೇ ಹುಡುಕಿ, ತನ್ನ ಹತ್ತಿರ ಇರುವ ಒಳ್ಳೆಯ ಪ್ರತಿಯಿಂದ ಬದಲಿಸುತ್ತದೆ. ರಿಮೋಟ್ ಸಾಫ್ಟ್‌ವೇರ್‌ನ ಸ್ವಂತ ಡಿಎಲ್‌ಎಲ್ ಹೋಗಿದ್ದರೆ ಆ ಸಾಫ್ಟ್‌ವೇರನ್ನು ತೆಗೆದು ಹೊಸದಾಗಿ ಹಾಕುವುದೇ ಸರಿ. ವಿಂಡೋಸ್ 7ರಲ್ಲಿ ಇನ್ನೂ ಬಿಲ್ ಮಾಡುತ್ತಿರುವ ಅಂಗಡಿಯವರಿಗೆ ಮಾತ್ರ ಏನು ಹೇಳುವುದೋ ಗೊತ್ತಾಗುವುದಿಲ್ಲ. ಅದಕ್ಕೆ ಮೈಕ್ರೋಸಾಫ್ಟ್ 2020ರ ಜನವರಿ 14ಕ್ಕೇ ಕೈ ಬಿಟ್ಟಿದೆ. ವಿಂಡೋಸ್ 10ರ ಮಾಮೂಲು ಅಪ್‌ಡೇಟ್ ಕೂಡ 2025ರ ಅಕ್ಟೋಬರ್ 14ಕ್ಕೆ ನಿಂತಿತು.

ಸಲಾಂ ಹೇಳಿ ಬರುವ ಕ್ರಮ

ಇನ್ನೊಬ್ಬರ ಮನೆಗೆ ಅನುಮತಿ ಕೇಳದೆ, ಸಲಾಂ ಹೇಳದೆ ಹೋಗಬಾರದು ಅಂತ ಸೂರಃ ಅನ್ನೂರ್‌ನಲ್ಲಿ ಇರುವುದನ್ನು ಮದ್ರಸದ ಮಕ್ಕಳಿಗೂ ಉಸ್ತಾದರು ಕಲಿಸುತ್ತಾರೆ. ಕಂಪ್ಯೂಟರ್‌ನ ವಿಷಯದಲ್ಲಿ ನಾವು ಇದನ್ನು ಮರೆತಿದ್ದೇವೆ ಅಂತ ನನಗೆ ಕಾಣುತ್ತದೆ. ಮಗ ಅನುಕೂಲಕ್ಕೆ ಅಂತ ಖಾಯಂ ಪಾಸ್‌ವರ್ಡ್ ಇಟ್ಟಿರುತ್ತಾನೆ, ಇಲ್ಲಿ ಯಾರೂ ಅಕ್ಸೆಪ್ಟ್ ಒತ್ತದಿದ್ದರೂ ಅವನು ಬರಬಹುದು. ಆ ಪಾಸ್‌ವರ್ಡ್ ರೂಮಿನ ಇನ್ನಿಬ್ಬರಿಗೂ ಗೊತ್ತಿರುತ್ತದೆ, ಹಳೆಯ ಫೋನಿನಲ್ಲೂ ಉಳಿದಿರುತ್ತದೆ. ಅಂಗಡಿಯ ಕಂಪ್ಯೂಟರ್ ಆದರೆ ಲೆಕ್ಕ ಹೋದೀತು. ಮನೆಯದ್ದಾದರೆ? ಮದುವೆಯ ಆಲ್ಬಮ್, ಹೆಣ್ಣುಮಕ್ಕಳ ಫೋಟೋ, ತೆರೆದಿಟ್ಟ ವಾಟ್ಸ್‌ಆ್ಯಪ್ ಎಲ್ಲ ಆಚೆಯವನ ಕಣ್ಣ ಮುಂದೆ. ಪರದೆಯಲ್ಲಿ ನಿಮಗೆ ಕಾಣುವುದೆಲ್ಲ ಅವನಿಗೂ ಕಾಣುತ್ತದೆ. ಎಷ್ಟೋ ಸಾಫ್ಟ್‌ವೇರ್‌ಗಳಲ್ಲಿ ಫೈಲ್ ಕೊಂಡುಹೋಗಲೂ ದಾರಿ ಉಂಟು. ಪೇಟೆಯ ಕಂಪ್ಯೂಟರ್ ರಿಪೇರಿಯವನಿಗೆ ರಿಮೋಟ್ ಕೊಡುವ ಮುಂಚೆ ಮನೆಯ ಹೆಂಗಸರನ್ನು ಒಮ್ಮೆ ಕೇಳಬೇಕು ಅನ್ನುವುದು ನನ್ನ ಅಭಿಪ್ರಾಯ. ಸಿಟ್ಟಾಗುವ ಗಂಡಸರು ಸಿಟ್ಟಾಗಲಿ.

ಹಣ ಹೋದರೆ ಮೊದಲ ಕೆಲಸ ಇಂಟರ್‌ನೆಟ್ ಕಡಿಯುವುದು, ಎರಡನೆಯದು 1930ಕ್ಕೆ ಫೋನ್. ಇದು ಕೇಂದ್ರ ಸರಕಾರದ ಸೈಬರ್ ಸಹಾಯವಾಣಿ. ಸೈಬರ್‌ಕ್ರೈಮ್ ಡಾಟ್ ಜಿಒವಿ ಡಾಟ್ ಇನ್ ಎಂಬಲ್ಲೂ ದೂರು ಕೊಡಬಹುದು. ಎಷ್ಟು ಬೇಗ ಹೇಳುತ್ತೀರೋ, ಹಣ ಇನ್ನೊಂದು ಖಾತೆಗೆ ದಾಟುವ ಮುಂಚೆ ತಡೆಯುವ ಅವಕಾಶ ಅಷ್ಟು ಹೆಚ್ಚು. ಬ್ಯಾಂಕಿಗೆ ಬೇರೆಯಾಗಿ ಬರವಣಿಗೆಯಲ್ಲಿ ಕೊಡಿ. ರಿಸರ್ವ್ ಬ್ಯಾಂಕಿನ 2017ರ ಜುಲೈ 6ರ ಸುತ್ತೋಲೆಯ ಪ್ರಕಾರ ಗ್ರಾಹಕನದ್ದೂ ಬ್ಯಾಂಕಿನದ್ದೂ ಅಲ್ಲದ ತಪ್ಪಿನಿಂದ ಹೋದ ಹಣವನ್ನು ಮೂರು ಕೆಲಸದ ದಿನಗಳೊಳಗೆ ತಿಳಿಸಿದರೆ ಗ್ರಾಹಕನಿಗೆ ನಷ್ಟ ಬರಬಾರದು. ಆದರೆ ಪಾಸ್‌ವರ್ಡ್ ತಾನೇ ಕೊಟ್ಟಂಥ ಅಜಾಗ್ರತೆ ಆಗಿದ್ದರೆ, ಬ್ಯಾಂಕಿಗೆ ತಿಳಿಸುವವರೆಗಿನ ನಷ್ಟ ಗ್ರಾಹಕನದ್ದೇ. ತಿಳಿಸಿದ ನಂತರದ್ದು ಬ್ಯಾಂಕಿನದ್ದು. ಅಕ್ಸೆಪ್ಟ್ ಒತ್ತಿ ಬಿಟ್ಟುಕೊಂಡದ್ದನ್ನು ಅಜಾಗ್ರತೆ ಅನ್ನಬೇಕೋ ಅನ್ನಬಾರದೋ ಎಂಬುದರ ಮೇಲೆ ಹಾಜಾಕನ 48 ಸಾವಿರ ಈಗ ನಿಂತಿದೆ. ಅವರ ವಾದ ಸರಳ: ‘ನಾನು ಬಾಗಿಲು ತೆಗೆದದ್ದು ಹೌದು. ತಿಜೋರಿ ತೆಗೆಯಲು ಹೇಳಿಲ್ಲ.’ ಅದೇ ರಾತ್ರಿ ದೂರು ಕೊಟ್ಟದ್ದರಿಂದ ಒಂದು ಭಾಗವನ್ನು ಆಚೆಯ ಖಾತೆಯಲ್ಲಿ ತಡೆಹಿಡಿದಿದ್ದಾರೆ, ಕೈಗೆ ಬಂದಿಲ್ಲ.

ದೂರು ಕೊಡಲು ಅವರು ಹಿಂದೆ ಮುಂದೆ ನೋಡಿದ್ದರು ಅನ್ನುವುದನ್ನೂ ಹೇಳಬೇಕು. ನಾಚಿಕೆ. ‘ಇಷ್ಟು ವರ್ಷ ವ್ಯಾಪಾರ ಮಾಡಿದವನಿಗೆ ಇದು ಗೊತ್ತಾಗಲಿಲ್ವಾ ಅಂತ ಕೇಳುತ್ತಾರೆ’ ಅಂತ. ಹೋಗುವ ಅಂತ ಎಬ್ಬಿಸಿದ್ದು ಮನೆಯವರು.

ಈಗ ತಂದೆ ಮಗ ಬೇರೆ ಕ್ರಮ ಮಾಡಿಕೊಂಡಿದ್ದಾರೆ. ಖಾಯಂ ಪಾಸ್‌ವರ್ಡ್ ತೆಗೆದಿದ್ದಾರೆ. ವಿಂಡೋಸ್‌ನ ಕ್ವಿಕ್ ಅಸಿಸ್ಟ್ ಬಳಸುತ್ತಾರೆ; ಕಂಟ್ರೋಲ್, ವಿಂಡೋಸ್ ಮತ್ತು ಕ್ಯೂ ಒಟ್ಟಿಗೆ ಒತ್ತಿದರೆ ತೆರೆಯುತ್ತದೆ. ಸಹಾಯ ಮಾಡುವವನು ಮೈಕ್ರೋಸಾಫ್ಟ್ ಖಾತೆಯಿಂದ ಲಾಗಿನ್ ಆಗಬೇಕು, ಅವನಿಗೆ ಸಿಗುವ ಆರು ಅಕ್ಷರದ ಕೋಡ್ 10 ನಿಮಿಷಕ್ಕೆ ಸತ್ತುಹೋಗುತ್ತದೆ. ಇದರಲ್ಲಿ ಇನ್ನೊಂದು ಗುಣ ಉಂಟು: ಏನಾದರೂ ಹಾಕುವಾಗ ವಿಂಡೋಸ್ ಪರದೆ ಮಬ್ಬು ಮಾಡಿ ‘ಅನುಮತಿ ಉಂಟಾ’ ಅಂತ ಕೇಳುತ್ತದಲ್ಲ, ಅದು ಮಾಮೂಲಿಗೆ ಆಚೆಯವನಿಗೆ ಕಾಣುವುದಿಲ್ಲ, ಇಲ್ಲಿ ಕೂತವರೇ ‘ಎಸ್’ ಒತ್ತಬೇಕು. ಕೋಡ್ ಮೆಸೇಜ್‌ನಲ್ಲಿ ಕಳಿಸುವ ಹಾಗಿಲ್ಲ, ಮಾತಿನಲ್ಲೇ ಹೇಳಬೇಕು ಅಂತ ಹಾಜಾಕನ ಷರತ್ತು. ದನಿ ಕೇಳಿ ಮಗನೇ ಅಂತ ಖಾತ್ರಿಯಾಗಬೇಕಲ್ಲ. ಮಗ ದಮ್ಮಾಮಿನಲ್ಲಿ, ಎರಡೂವರೆ ಗಂಟೆ ಹಿಂದೆ. ಆದ್ದರಿಂದ ಇದೆಲ್ಲ ಇಶಾ ಕಳೆದ ಮೇಲೆ.

ನಾನು ಹೋದ ದಿನ ಆ ಕಾಣೆಯಾದ ಕಟ್ಟನ್ನು ಹಾಕುವ ಕೆಲಸ ಇತ್ತು. ಹಾಜಾಕ ಮೊದಲು ಇಮೇಲ್ ಮುಚ್ಚಿದರು, ಬ್ಯಾಂಕಿನ ಪುಟ ಮುಚ್ಚಿದರು, ಕನ್ನಡಕ ಸರಿ ಮಾಡಿಕೊಂಡು ಮಗ ಒಂದೊಂದಾಗಿ ಹೇಳಿದ ಅಕ್ಷರಗಳನ್ನು ಒತ್ತಿದರು.

‘ಬರಬಹುದಾ ಉಪ್ಪ?’

‘ನೀನು ಸಲಾಂ ಹೇಳಿಲ್ಲ ಮೋನೇ.’

ಆಚೆಯಿಂದ ನಗು, ಸಲಾಂ. ಇವರು ಸಲಾಂ ಮಡಚಿ, ಅಲೋ ಎಂದು ಬರೆದಿದ್ದ ಗುಂಡಿ ಒತ್ತಿದರು. ಮೌಸ್ ಓಡತೊಡಗಿತು. ವಿಸಿರನ್‌ಟೈಮ್140 ನಾಲ್ಕು ನಿಮಿಷದಲ್ಲಿ ತನ್ನ ಜಾಗಕ್ಕೆ ಬಂತು. ಹಾಜಾಕ ಕೊನೆಯವರೆಗೂ ಕುರ್ಚಿ ಬಿಟ್ಟು ಏಳಲಿಲ್ಲ. ಒಂದು ಕೈ ವೈಫೈಯ ಪ್ಲಗ್‌ನ ಹತ್ತಿರವೇ ಇತ್ತು.